ಯಂತ್ರ ಬರೆದಿಡುವ ಲಾಗ್: ಯಾವ ರೂಪದಲ್ಲಿ, ಎಲ್ಲಿಯವರೆಗೆ, ಯಾರಿಗಾಗಿ?

ಕುವೈತ್‌ನ ಫರ್ವಾನಿಯಾ ಪ್ರಾಂತ್ಯದ ಅಬ್ಬಾಸಿಯಾ ಎಂಬುದು ನಮ್ಮ ಕರಾವಳಿಯ ಮನೆಗಳಿಗೆ ಹೊಸ ಹೆಸರಲ್ಲ. ಜ್ಲೀಬ್ ಅಲ್ ಶುಯೂಖ್‌ಗೆ ಸೇರಿದ ಈ ಭಾಗದಲ್ಲಿ ಮಲಯಾಳಿಗಳ ನಡುವೆ ಮಂಗಳೂರು, ಉಡುಪಿ, ಭಟ್ಕಳ, ಕಾಸರಗೋಡಿನಿಂದ ಹೋದವರೂ ಬದುಕು ಕಟ್ಟಿಕೊಂಡಿದ್ದಾರೆ. ಅಲ್ಲಿನ ಟ್ರಾವೆಲ್ ಏಜೆನ್ಸಿ, ಕಾರ್ಗೋ ಕಚೇರಿ, ಟೈಪಿಂಗ್ ಸೆಂಟರ್, ದಿನಸಿ ಅಂಗಡಿಗಳ ಲೆಕ್ಕಪತ್ರವೆಲ್ಲ ಒಂದೆರಡು ಡೆಸ್ಕ್‌ಟಾಪ್ ಕಂಪ್ಯೂಟರ್‌ಗಳ ಮೇಲೆ ನಡೆಯುತ್ತದೆ. ಇಂಥ ಕಚೇರಿಗಳಿಗೆ ಸ್ವಂತ ಐಟಿ ವಿಭಾಗ ಇರುವುದಿಲ್ಲ. ಯಂತ್ರ ಕೈಕೊಟ್ಟಾಗ ರಿಪೇರಿಯವರು ಬರುತ್ತಾರೆ, ಇಲ್ಲವೇ ಊರಿನಲ್ಲಿ ಕೂತ ಪರಿಚಯದ ಹುಡುಗ ದೂರದಿಂದಲೇ ಪರದೆ ಹಂಚಿಕೊಂಡು ನೋಡುತ್ತಾನೆ. ಯಾರೇ ನೋಡಲಿ, ಮೊದಲು ತೆರೆಯುವುದು ಲಾಗ್: ತನ್ನೊಳಗೆ ಏನು ನಡೆಯಿತೆಂದು ಯಂತ್ರ ತಾನೇ ಬರೆದಿಟ್ಟ ಪಟ್ಟಿ.

ಆ ಪಟ್ಟಿಯನ್ನು ಬರೆಯುವ, ಓದುವ, ಕಾಯುವ ಕೆಲಸವೆಲ್ಲ ಲೈಬ್ರರಿ ಫೈಲುಗಳದ್ದು. ಬಳಕೆದಾರನ ಕಣ್ಣಿಗೆ ಬೀಳದ ಈ ಫೈಲುಗಳ ಸುತ್ತ ನಾಲ್ಕು ದಶಕಗಳಿಂದ ವಾದ ನಡೆದಿದೆ. ಲಾಗ್ ಯಾವ ರೂಪದಲ್ಲಿರಬೇಕು? ಎಷ್ಟು ಬರೆಯಬೇಕು? ಎಷ್ಟು ದಿನ ಇಡಬೇಕು? ಯಾರು ಓದಬಹುದು? ಈ ಪ್ರಶ್ನೆಗಳಿಗೆ ಐದು ಪಕ್ಷಗಳಿಂದ ಬಂದಿರುವ ಉತ್ತರಗಳನ್ನೂ ಒಂದೊಂದು ಉತ್ತರ ಎಲ್ಲಿ ಸೋಲುತ್ತದೆ ಎಂಬುದನ್ನೂ ಒಟ್ಟಾಗಿ ನೋಡುವುದು ಈ ಲೇಖನದ ಉದ್ದೇಶ.

ಲೈಬ್ರರಿ ಫೈಲಿನ ಪಾತ್ರ

ಪ್ರೋಗ್ರಾಮುಗಳು ಪದೇಪದೇ ಮಾಡಬೇಕಾದ ಕೆಲಸವನ್ನು ಪ್ರತಿಯೊಬ್ಬ ಪ್ರೋಗ್ರಾಮರ್ ಹೊಸದಾಗಿ ಬರೆಯುವುದಿಲ್ಲ. ಒಮ್ಮೆ ಬರೆದ ಕೋಡನ್ನು ಪ್ರತ್ಯೇಕ ಫೈಲಿನಲ್ಲಿಟ್ಟು ಬೇಕಾದವರೆಲ್ಲ ಕರೆದು ಬಳಸುತ್ತಾರೆ. ವಿಂಡೋಸ್‌ನಲ್ಲಿ ಇಂಥವಕ್ಕೆ ಡಿಎಲ್‌ಎಲ್ ಎಂದು ಹೆಸರು. ಲಾಗ್ ವಿಷಯದಲ್ಲಿ ಇವುಗಳಿಗೆ ಮೂರು ಬೇರೆ ಬೇರೆ ಪಾತ್ರಗಳಿವೆ, ಚರ್ಚೆಯಲ್ಲಿ ಮೂರೂ ಕಲಸಿಹೋಗುತ್ತವೆ.

ಮೊದಲನೆಯದು ಬರೆಯುವ ಲೈಬ್ರರಿ. ಜಾವಾದ ಲಾಗ್‌ಫೋರ್‌ಜೆ, ಡಾಟ್‌ನೆಟ್‌ನ ಎನ್‌ಲಾಗ್ ಮತ್ತು ಸೆರಿಲಾಗ್, ಪೈಥಾನ್‌ನೊಂದಿಗೇ ಬರುವ ಲಾಗಿಂಗ್ ಮಾಡ್ಯೂಲ್ ಈ ಜಾತಿಯವು. ಎರಡನೆಯದು ಓದುವ ಮತ್ತು ಕಾಯುವ ಲೈಬ್ರರಿ. ವಿಂಡೋಸ್‌ನ ಡಬ್ಲ್ಯೂಇವಿಟಿಎಪಿಐ ಡಿಎಲ್‌ಎಲ್ ಇದಕ್ಕೆ ಉದಾಹರಣೆ. ಹೊಸ ದಾಖಲೆ ಬಿದ್ದ ಕೂಡಲೇ ತನಗೆ ತಿಳಿಸು ಎಂದು ಒಂದು ಪ್ರೋಗ್ರಾಂ ಇದರ ಬಳಿ ಹೆಸರು ನೋಂದಾಯಿಸಿಕೊಳ್ಳಬಹುದು. ಲಿನಕ್ಸ್‌ನಲ್ಲಿ ಲಿಬ್‌ಸಿಸ್ಟಂಡಿ ಇದೇ ಕೆಲಸ ಮಾಡುತ್ತದೆ.

ಮೂರನೆಯ ಪಾತ್ರ ಕಡಿಮೆ ಜನರಿಗೆ ಗೊತ್ತು: ಅರ್ಥವನ್ನು ಇಟ್ಟುಕೊಳ್ಳುವ ಲೈಬ್ರರಿ. ವಿಂಡೋಸ್‌ನ ಲಾಗ್ ಫೈಲಿನಲ್ಲಿ ಸಾಮಾನ್ಯವಾಗಿ ಪೂರ್ತಿ ವಾಕ್ಯ ಇರುವುದಿಲ್ಲ. ಘಟನೆಯ ಸಂಖ್ಯೆ, ಯಾವ ತಂತ್ರಾಂಶ ಬರೆದದ್ದು ಎಂಬ ಹೆಸರು, ಸಮಯ, ಬದಲಾಗುವ ಕೆಲವು ಪದಗಳು, ಅಷ್ಟೇ ಇರುತ್ತವೆ. ವಾಕ್ಯದ ಚೌಕಟ್ಟು ಇರುವುದು ಆ ತಂತ್ರಾಂಶದ ಜೊತೆ ಬಂದ ಸಂದೇಶ ಫೈಲಿನಲ್ಲಿ, ಹೆಚ್ಚಾಗಿ ಒಂದು ಡಿಎಲ್‌ಎಲ್‌ನಲ್ಲಿ. ಅದು ಎಲ್ಲಿದೆಯೆಂಬ ವಿಳಾಸ ರಿಜಿಸ್ಟ್ರಿಯಲ್ಲಿರುತ್ತದೆ. ಲಾಗ್ ತೋರಿಸುವ ವಿಂಡೋಸ್‌ನ ಇವೆಂಟ್ ವ್ಯೂವರ್ ತೆರೆದಾಗ ಎರಡೂ ಕೂಡಿ ಓದಬಲ್ಲ ವಾಕ್ಯವಾಗುತ್ತದೆ. ತಂತ್ರಾಂಶವನ್ನು ಅನ್‌ಇನ್‌ಸ್ಟಾಲ್ ಮಾಡಿದರೆ, ಅಥವಾ ಲಾಗ್ ಫೈಲನ್ನು ಮಾತ್ರ ಬೇರೆ ಯಂತ್ರಕ್ಕೆ ಒಯ್ದರೆ, ದಾಖಲೆ ಉಳಿದರೂ ಅರ್ಥ ಉಳಿಯುವುದಿಲ್ಲ. ಈ ಘಟನೆಯ ವಿವರಣೆ ಸಿಗುತ್ತಿಲ್ಲ, ಸಂಬಂಧಪಟ್ಟ ಭಾಗ ಈ ಕಂಪ್ಯೂಟರಿನಲ್ಲಿಲ್ಲ ಎಂಬ ಸಂದೇಶ ಕಾಣುತ್ತದೆ. ಅಬ್ಬಾಸಿಯಾದ ಯಂತ್ರದ ಲಾಗನ್ನು ಇಮೇಲ್‌ನಲ್ಲಿ ಮಂಗಳೂರಿಗೆ ತರಿಸಿಕೊಂಡವರು ಈ ಸಾಲನ್ನು ಕಾಣದೆ ಇರುವುದು ಅಪರೂಪ.

ನಡೆದುಬಂದ ದಾರಿ

ದೊಡ್ಡ ಕಂಪ್ಯೂಟರುಗಳ ಕಾಲದಲ್ಲಿ ದಾಖಲೆ ಇಡುತ್ತಿದ್ದುದು ಮುಖ್ಯವಾಗಿ ಬಿಲ್ ಮಾಡಲು: ಯಾರು ಎಷ್ಟು ಹೊತ್ತು ಯಂತ್ರ ಬಳಸಿದರು ಎಂಬ ಲೆಕ್ಕಕ್ಕೆ. ಅದನ್ನು ಭದ್ರತೆಗೂ ಬಳಸಬಹುದೆಂದು ವ್ಯವಸ್ಥಿತವಾಗಿ ಹೇಳಿದ್ದು ಜೇಮ್ಸ್ ಪಿ. ಆಂಡರ್ಸನ್ 1980ರಲ್ಲಿ ಬರೆದ ವರದಿ. ಡೊರೊಥಿ ಡೆನ್ನಿಂಗ್ 1987ರಲ್ಲಿ ಪ್ರಕಟಿಸಿದ ಪ್ರಬಂಧ ಅದನ್ನು ಮಾದರಿಯಾಗಿ ರೂಪಿಸಿತು: ಮಾಮೂಲಿ ನಡವಳಿಕೆ ಏನೆಂದು ಮೊದಲು ಗುರುತಿಸು, ಅದಕ್ಕೆ ಹೊರತಾದದ್ದನ್ನು ಅನುಮಾನಿಸು. ಈ ನಡುವೆ, 1986ರಲ್ಲಿ, ಲಾರೆನ್ಸ್ ಬರ್ಕ್ಲಿ ಪ್ರಯೋಗಾಲಯದ ಕ್ಲಿಫರ್ಡ್ ಸ್ಟಾಲ್ ಕಂಪ್ಯೂಟರ್ ಬಳಕೆಯ ಲೆಕ್ಕದಲ್ಲಿ ಬಂದ 75 ಸೆಂಟ್‌ಗಳ ವ್ಯತ್ಯಾಸದ ಬೆನ್ನು ಹತ್ತಿ, ಕೊನೆಗೆ ಸೋವಿಯತ್ ಗುಪ್ತಚರರಿಗೆ ಮಾಹಿತಿ ಮಾರುತ್ತಿದ್ದ ಜರ್ಮನಿಯ ಹ್ಯಾಕರ್‌ನನ್ನು ಪತ್ತೆಹಚ್ಚಲು ಕಾರಣರಾದರು. ಲೆಕ್ಕದ ಸಣ್ಣ ಏರುಪೇರು ದೊಡ್ಡ ಕಳವಿನ ಸುಳಿವಾಗಬಲ್ಲದು ಎಂಬುದು ಅಲ್ಲಿಂದ ಮನೆಮಾತಾಯಿತು.

ಯುನಿಕ್ಸ್ ಜಗತ್ತಿನಲ್ಲಿ ಎರಿಕ್ ಆಲ್‌ಮನ್ 1980ರ ದಶಕದ ಆರಂಭದಲ್ಲಿ ಸೆಂಡ್‌ಮೇಲ್ ಎಂಬ ಇಮೇಲ್ ತಂತ್ರಾಂಶದ ಯೋಜನೆಯ ಭಾಗವಾಗಿ ಸಿಸ್‌ಲಾಗ್ ಬರೆದರು. ಪ್ರತಿ ಸಾಲಿಗೂ 0ರಿಂದ 7ರವರೆಗೆ ತೀವ್ರತೆಯ ಅಂಕೆ, ಯಾವ ವಿಭಾಗದಿಂದ ಬಂತೆಂಬ ಗುರುತು, ಆಮೇಲೆ ಸಾದಾ ಪಠ್ಯ. ಇಷ್ಟು ಸರಳವಾಗಿದ್ದ ಕಾರಣ ಅದು ರೌಟರುಗಳಿಂದ ಪ್ರಿಂಟರುಗಳವರೆಗೆ ಹಬ್ಬಿತು. ಬಳಕೆಯಲ್ಲಿದ್ದ ಪದ್ಧತಿಯನ್ನು ಬರಹಕ್ಕಿಳಿಸಿದ ಆರ್‌ಎಫ್‌ಸಿ 3164 ಬಂದದ್ದು 2001ರಲ್ಲಿ. ಅದರ ಸಮಯದ ಗುರುತಿನಲ್ಲಿ ಇಸವಿಯೂ ಇಲ್ಲ, ಟೈಮ್ ಝೋನ್ ಕೂಡ ಇಲ್ಲ. 2009ರ ಆರ್‌ಎಫ್‌ಸಿ 5424 ಎರಡನ್ನೂ ಸೇರಿಸಿತು.

ಡೆಸ್ಕ್‌ಟಾಪ್‌ನ ಕಥೆ ಬೇರೆ. ಮೈಕ್ರೋಸಾಫ್ಟ್ 1993ರ ವಿಂಡೋಸ್ ಎನ್‌ಟಿ 3.1ರಲ್ಲಿ ಇವೆಂಟ್ ಲಾಗ್ ತಂದಿತು: ಸಿಸ್ಟಂ, ಅಪ್ಲಿಕೇಶನ್, ಸೆಕ್ಯುರಿಟಿ ಎಂಬ ಮೂರು ಪಟ್ಟಿಗಳು, ಯಂತ್ರವೇ ಓದಬಲ್ಲ ಬೈನರಿ ರೂಪ, ಮೇಲೆ ಹೇಳಿದ ಸಂದೇಶ ಡಿಎಲ್‌ಎಲ್‌ಗಳು. ವಿಸ್ತಾದೊಂದಿಗೆ ಈ ವ್ಯವಸ್ಥೆಯನ್ನು ಪೂರ್ತಿ ಹೊಸದಾಗಿ ಕಟ್ಟಲಾಯಿತು, ಎಕ್ಸ್‌ಎಂಎಲ್‌ನ ಬೈನರಿ ರೂಪವಾದ ಇವಿಟಿಎಕ್ಸ್ ಫೈಲುಗಳು ಬಂದವು. ಇಂದಿನ ವಿಂಡೋಸ್ 11 ಕೂಡ ಅದನ್ನೇ ಬಳಸುತ್ತದೆ.

ಮೂರನೆಯ ಕವಲು ಅಪ್ಲಿಕೇಶನ್ ಬರೆಯುವವರದ್ದು. ಚೆಕಿ ಗುಲ್ಚು 1990ರ ದಶಕದ ಕೊನೆಯಲ್ಲಿ ರೂಪಿಸಿದ ಲಾಗ್‌ಫೋರ್‌ಜೆ 2001ರಲ್ಲಿ 1.0 ಆವೃತ್ತಿ ಕಂಡಿತು. ಅದರ ಪ್ರಭಾವದಲ್ಲೇ ಬೇರೆ ಭಾಷೆಗಳಲ್ಲೂ ಇಂಥ ಲೈಬ್ರರಿಗಳು ಹುಟ್ಟಿದವು. ವಿನಯ್ ಸಾಜಿಪ್ ಬರೆದ ಪೈಥಾನ್ ಮಾಡ್ಯೂಲ್ 2003ರಲ್ಲಿ ಆ ಭಾಷೆಯ ಭಾಗವಾಯಿತು.

ಸಾದಾ ಪಠ್ಯದ ಪಕ್ಷ

ಈ ಪಕ್ಷದವರ ವಾದ ಸ್ಪಷ್ಟ: ಲಾಗ್ ಬೇಕಾಗುವುದು ಎಲ್ಲವೂ ಕೆಟ್ಟಾಗ, ಆದ್ದರಿಂದ ಅದನ್ನು ಓದಲು ಬೇರೇನೂ ಸರಿಯಿರಬೇಕಾದ ಅಗತ್ಯ ಇರಬಾರದು. ಹಾರ್ಡ್ ಡಿಸ್ಕ್ ಕಳಚಿ ಇನ್ನೊಂದು ಯಂತ್ರಕ್ಕೆ ಜೋಡಿಸಿ ನೋಟ್‌ಪ್ಯಾಡ್‌ನಲ್ಲಿ ತೆರೆದರೂ ಓದಲು ಬರಬೇಕು. ಫೈಲಿನ ಮಧ್ಯಭಾಗ ಹಾಳಾದರೆ ಉಳಿದ ಸಾಲುಗಳಾದರೂ ಕಾಣಬೇಕು. ಹತ್ತು ವರ್ಷದ ಹಿಂದಿನ ಲಾಗ್ ಓದಲು ಹತ್ತು ವರ್ಷ ಹಿಂದಿನ ತಂತ್ರಾಂಶ ಹುಡುಕುವಂತಾಗಬಾರದು.

ಲಿನಕ್ಸ್ ಬಳಗದಲ್ಲಿ ಈ ವಾದ ಜೋರಾದದ್ದು 2011ರಲ್ಲಿ. ಲೆನಾರ್ಟ್ ಪೊಟೆರಿಂಗ್ ಮತ್ತು ಕೈ ಸೀವರ್ಸ್ ಆ ವರ್ಷ, ಲಿನಕ್ಸ್ ಯಂತ್ರದ ಸೇವೆಗಳನ್ನು ಆರಂಭಿಸಿ ನಡೆಸುವ ಸಿಸ್ಟಂಡಿಯ ಭಾಗವಾಗಿ, ಜರ್ನಲ್ ಎಂಬ ಬೈನರಿ ಲಾಗನ್ನು ಮುಂದಿಟ್ಟರು. ಎರಡು ವರ್ಷದಲ್ಲೇ ಫೆಡೋರಾ 20 ಎಂಬ ಲಿನಕ್ಸ್ ವಿತರಣೆ ಹಳೆಯ ಸಿಸ್‌ಲಾಗನ್ನು ತನ್ನ ಮೂಲ ಸ್ಥಾಪನೆಯಿಂದ ಕೈಬಿಟ್ಟಿತು. ಇನ್ನೊಂದು ವಿತರಣೆ ಡೆಬಿಯನ್ ಸಿಸ್ಟಂಡಿಯನ್ನು ಒಪ್ಪಿಕೊಂಡಾಗ ಒಂದು ಗುಂಪು 2014ರಲ್ಲಿ ಹೊರಬಂದು ಡೆವುವಾನ್ ಕಟ್ಟಿತು. ಆ ಒಡಕಿಗೆ ಲಾಗ್ ಒಂದೇ ಕಾರಣವಲ್ಲ, ಆದರೆ ಬೈನರಿ ಲಾಗ್ ದೂರುಗಳ ಪಟ್ಟಿಯಲ್ಲಿ ಮೇಲೆಯೇ ಇತ್ತು.

ಸಾದಾ ಪಠ್ಯ ಸೋಲುವುದು ಪ್ರಮಾಣ ಹೆಚ್ಚಿದಾಗ. ಒಬ್ಬ ಬರೆದ ವಾಕ್ಯ ಇನ್ನೊಬ್ಬನ ವಾಕ್ಯದಂತಿರುವುದಿಲ್ಲ, ಒಂದೇ ವೈಫಲ್ಯವನ್ನು ಹತ್ತು ತಂತ್ರಾಂಶಗಳು ಹತ್ತು ಬಗೆಯಲ್ಲಿ ಹೇಳುತ್ತವೆ. ಲಕ್ಷ ಸಾಲುಗಳಿಂದ ಒಬ್ಬ ಬಳಕೆದಾರನ ಚಟುವಟಿಕೆಯನ್ನು ಮಾತ್ರ ಹೆಕ್ಕುವುದು ಊಹೆಯ ಕೆಲಸವಾಗಿಬಿಡುತ್ತದೆ.

ರಚನೆಯ ಪಕ್ಷ

ಎರಡನೆಯ ಪಕ್ಷ ಹೇಳುವುದು: ಲಾಗನ್ನು ಇಂದು ಮೊದಲು ಓದುವುದು ಯಂತ್ರ, ಮನುಷ್ಯ ಆಮೇಲೆ. ಆದ್ದರಿಂದ ಪ್ರತಿ ದಾಖಲೆಯನ್ನೂ ಹೆಸರಿಟ್ಟ ಕಾಲಂಗಳಾಗಿ ಬರೆಯಿರಿ. ಘಟನೆಗೆ ಸ್ಥಿರವಾದ ಸಂಖ್ಯೆ ಕೊಡಿ. ವಿಂಡೋಸ್‌ನಲ್ಲಿ ಯಾವ ಭಾಷೆಯ ಆವೃತ್ತಿಯಿದ್ದರೂ 4624 ಎಂದರೆ ಯಶಸ್ವಿ ಲಾಗಿನ್, 4625 ಎಂದರೆ ವಿಫಲ ಲಾಗಿನ್, 1102 ಎಂದರೆ ಸೆಕ್ಯುರಿಟಿ ಲಾಗನ್ನು ಅಳಿಸಲಾಗಿದೆ. ಯಂತ್ರದ ಪರದೆ ಅರಬ್ಬಿಯಲ್ಲಿದ್ದರೂ ರಿಪೇರಿಯವನಿಗೆ ಸಂಖ್ಯೆ ಸಾಕು. ಕುವೈತ್‌ನಂಥ ಕಡೆ ಇದರ ಬೆಲೆ ಗೊತ್ತಾಗುತ್ತದೆ: ಅರಬ್ಬಿ ಹೆಸರಿನ ಫೈಲು ಮತ್ತು ಇಂಗ್ಲಿಷ್ ಸಂದೇಶ ಒಂದೇ ಸಾಲಿನಲ್ಲಿ ಬಂದಾಗ ಬಲದಿಂದ ಓದುವ ಲಿಪಿಯೂ ಎಡದಿಂದ ಓದುವ ಲಿಪಿಯೂ ಕೂಡಿ, ಪರದೆಯ ಮೇಲೆ ಪದಗಳ ಕ್ರಮವೇ ಗೊಂದಲವಾಗುತ್ತದೆ. ಕಾಲಂ ಬೇರೆ ಬೇರೆ ಇದ್ದರೆ ಆ ತೊಡಕಿಲ್ಲ. ಇವಿಟಿಎಕ್ಸ್ ಪಠ್ಯವನ್ನು ಯುನಿಕೋಡ್‌ನಲ್ಲಿ ಇಡುವುದರಿಂದ ಕನ್ನಡದ ಫೋಲ್ಡರ್ ಹೆಸರೂ ಹಾಗೇ ಉಳಿಯುತ್ತದೆ.

2013ರಿಂದ ಬಳಕೆಗೆ ಬಂದ ಸೆರಿಲಾಗ್ ಈ ವಿಚಾರವನ್ನು ಪ್ರೋಗ್ರಾಮರ್‌ನ ಕೈಗೆ ತಂದಿತು. ವಾಕ್ಯ ಬರೆದಂತೆಯೇ ಬರೆ, ಅದರೊಳಗಿನ ಹೆಸರಿಟ್ಟ ಬೆಲೆಗಳನ್ನು ನಾನು ಪ್ರತ್ಯೇಕವಾಗಿ ಇಟ್ಟುಕೊಳ್ಳುತ್ತೇನೆ ಎನ್ನುತ್ತದೆ ಅದು. ಮಾರ್ಕ್ ರುಸಿನೊವಿಚ್ ಮತ್ತು ಥಾಮಸ್ ಗಾರ್ನಿಯರ್ 2014ರಲ್ಲಿ ಹೊರತಂದ ಸಿಸ್‌ಮಾನ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಯಾವ ಪ್ರೋಗ್ರಾಂ ಯಾವ ಡಿಎಲ್‌ಎಲ್ ಫೈಲನ್ನು ತೆರೆಯಿತು ಎಂಬುದನ್ನೂ ದಾಖಲಿಸಬಲ್ಲದು. ಹಾಗೆ ಲೈಬ್ರರಿ ಫೈಲುಗಳನ್ನು ಕಾಯುವ ಲಾಗ್ ಕೂಡ ಸಾಧ್ಯವಾಯಿತು.

ಈ ಪಕ್ಷದ ದೌರ್ಬಲ್ಯ ಅರ್ಥದ ಅವಲಂಬನೆ. ಕಾಲಂ ಇದ್ದರೆ ಸಾಲದು, ಕಾಲಂನ ಅರ್ಥ ಹೇಳುವ ಫೈಲೂ ಜೊತೆಗಿರಬೇಕು. ಆ ತೊಂದರೆ ಬೇಡವೆಂದು ಡಾಟ್‌ನೆಟ್ ಪ್ರೋಗ್ರಾಮರುಗಳು ಹಿಡಿದ ಅಡ್ಡದಾರಿಯೂ ಇದೆ. ಡಾಟ್‌ನೆಟ್ ಜೊತೆ ಬರುವ ಒಂದು ಸಾಮಾನ್ಯ ಸಂದೇಶ ಡಿಎಲ್‌ಎಲ್, ಯಾವ ಸಂಖ್ಯೆ ಕೊಟ್ಟರೂ ಪ್ರೋಗ್ರಾಂ ಕೊಟ್ಟ ಪಠ್ಯವನ್ನೇ ಹಾಗ್ಹಾಗೇ ತೋರಿಸುತ್ತದೆ. ರಚನೆಯ ಮನೆಯಲ್ಲಿ ಸಾದಾ ಪಠ್ಯ ಹಿಂಬಾಗಿಲಿನಿಂದ ಬಂದು ಕೂತಿತು. ಇನ್ನು ಇವಿಟಿಎಕ್ಸ್ ಫೈಲನ್ನು ವಿಂಡೋಸ್ ಇಲ್ಲದೆ ಓದಲು ಆಂಡ್ರಿಯಾಸ್ ಶುಸ್ಟರ್, ಯೋಆಕಿಮ್ ಮೆಟ್ಜ್ ಅವರಂಥವರು ಅದರ ಒಳರಚನೆಯನ್ನು ಸ್ವತಃ ಬಿಡಿಸಿ ಲೈಬ್ರರಿ ಬರೆಯಬೇಕಾಯಿತು. ಇಂದಿಗೂ ಫೊರೆನ್ಸಿಕ್ ಪರೀಕ್ಷಕರು ಅವರ ಕೆಲಸದ ಮೇಲೆ ನಿಂತಿದ್ದಾರೆ.

ಮಿತವಾಗಿರಲಿ ಎನ್ನುವ ಪಕ್ಷ

ಲಾಗ್ ಬರೆಯುವ ಲೈಬ್ರರಿ ನಿರಪಾಯಕಾರಿ ಎಂಬ ನಂಬಿಕೆಯನ್ನು 2021ರ ಡಿಸೆಂಬರ್ ಮುರಿಯಿತು. ಲಾಗ್‌ಫೋರ್‌ಜೆಯ ಎರಡನೆಯ ತಲೆಮಾರಿನಲ್ಲಿ ಒಂದು ಸೌಲಭ್ಯವಿತ್ತು: ಲಾಗ್ ಆಗಬೇಕಾದ ಪಠ್ಯದೊಳಗೆ ಒಂದು ವಿಶೇಷ ವಿನ್ಯಾಸದ ಅಕ್ಷರಗಳಿದ್ದರೆ, ಅಲ್ಲಿ ಬರೆದ ವಿಳಾಸಕ್ಕೆ ಹೋಗಿ ಬೆಲೆ ತರುವುದು. ಆ ವಿಳಾಸ ದಾಳಿಕೋರನದ್ದಾಗಿದ್ದರೆ ಅಲ್ಲಿಂದ ಬರುವ ಕೋಡ್ ಯಂತ್ರದಲ್ಲಿ ಓಡುತ್ತಿತ್ತು. ಲಾಗಿನ್ ಹೆಸರಿನ ಜಾಗದಲ್ಲೋ ಮೈನ್‌ಕ್ರಾಫ್ಟ್ ಆಟದ ಚಾಟ್‌ನಲ್ಲೋ ಒಂದು ಸಾಲು ಟೈಪ್ ಮಾಡಿದರೆ ಸಾಕಿತ್ತು. ಅಲಿಬಾಬಾ ಕ್ಲೌಡ್‌ನ ಚೆನ್ ಝಾವೊಜುನ್ ನವೆಂಬರ್ 24ರಂದು ಲಾಗ್‌ಫೋರ್‌ಜೆಯ ಸಂಸ್ಥೆ ಅಪಾಚೆಗೆ ತಿಳಿಸಿದ ಈ ದೋಷಕ್ಕೆ 10ಕ್ಕೆ 10 ತೀವ್ರತೆಯ ಅಂಕ ಸಿಕ್ಕಿತು. 2013ರಿಂದಲೂ ಅದು ಕೋಡಿನೊಳಗೇ ಇತ್ತು. ಕಳ್ಳತನದ ಸಾಕ್ಷಿ ಬರೆಯಬೇಕಾದ ಲೈಬ್ರರಿಯೇ ಕಳ್ಳನಿಗೆ ಬಾಗಿಲು ತೆರೆಯಿತು. ಬೇಲಿಯೇ ಎದ್ದು ಹೊಲ ಮೇಯ್ದಂತೆ ಎಂಬ ಗಾದೆಗೆ ತಂತ್ರಾಂಶದ ಚರಿತ್ರೆಯಲ್ಲಿ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗದು. ಹಳೆಯ ಪ್ರತಿಗಳು ಹತ್ತು ವರ್ಷ, ಅದಕ್ಕೂ ಹೆಚ್ಚು ಕಾಲ ಅಲ್ಲಲ್ಲಿ ಉಳಿಯಬಹುದೆಂದು ಅಮೆರಿಕದ ಸೈಬರ್ ಸುರಕ್ಷತಾ ಪರಿಶೀಲನಾ ಮಂಡಳಿ 2022ರ ಜುಲೈನಲ್ಲಿ ಹೇಳಿತು.

2024ರ ಮಾರ್ಚ್ 29ರಂದು ಇನ್ನೊಂದು ಎಚ್ಚರಿಕೆ ಬಂತು. ಲಾಗಿನ್ ಆಗಲು ಅರ್ಧ ಸೆಕೆಂಡ್ ಹೆಚ್ಚು ಹಿಡಿಯುತ್ತಿರುವುದೇಕೆ ಎಂದು ಕೆದಕಿದ ಆಂಡ್ರೆಸ್ ಫ್ರಾಯಿಂಡ್, ಎಕ್ಸ್‌ಝಡ್ ಎಂಬ ಸಂಕೋಚನ ಲೈಬ್ರರಿಯಲ್ಲಿ ಬೇಕೆಂದೇ ಹುದುಗಿಸಿದ ಕಳ್ಳಬಾಗಿಲನ್ನು ಬಯಲಿಗೆಳೆದರು. ದೂರದಿಂದ ಲಾಗಿನ್ ಮಾಡಿಸುವ ಎಸ್‌ಎಸ್‌ಎಚ್‌ಗೂ ಸಂಕೋಚನಕ್ಕೂ ನೇರ ಸಂಬಂಧವಿಲ್ಲ. ಕೆಲವು ಲಿನಕ್ಸ್ ವಿತರಣೆಗಳು ಎಸ್‌ಎಸ್‌ಎಚ್‌ಗೆ ಲಿಬ್‌ಸಿಸ್ಟಂಡಿ ಜೋಡಿಸಿದ್ದವು, ಲಿಬ್‌ಸಿಸ್ಟಂಡಿಯು ಜರ್ನಲ್ ಲಾಗ್‌ಗಳನ್ನು ಕುಗ್ಗಿಸಲು ಎಕ್ಸ್‌ಝಡ್ ಇಟ್ಟುಕೊಂಡಿತ್ತು. ಲಾಗ್‌ನ ಅನುಕೂಲಕ್ಕೆಂದು ಇದ್ದ ಕೊಂಡಿಯೇ ದಾಳಿಯ ದಾರಿಯಾಗಿತ್ತು.

ಆದ್ದರಿಂದ ಈ ಪಕ್ಷದ ಸಲಹೆ: ಲಾಗ್ ಲೈಬ್ರರಿ ಬರೆಯಲಿ, ಬೇರೇನೂ ಮಾಡದಿರಲಿ. ಬಂದ ಪಠ್ಯವನ್ನು ಆಜ್ಞೆಯೆಂದು ತಿಳಿಯದಿರಲಿ, ಅವಲಂಬನೆಗಳು ಬೆರಳೆಣಿಕೆಯಷ್ಟಿರಲಿ. ಒಳ್ಳೆಯ ಸಲಹೆಯೇ. ಆದರೆ ಬಳಕೆದಾರನಿಗೆ ತನ್ನ ಯಂತ್ರದಲ್ಲಿ ಯಾವ ಯಾವ ಲೈಬ್ರರಿಗಳಿವೆ ಎಂದು ತಿಳಿಯುವ ಸುಲಭ ದಾರಿ ಇನ್ನೂ ಇಲ್ಲ. ಜಾವಾದಲ್ಲಿ ಬರೆದ ಹಳೆಯ ಬಿಲ್ಲಿಂಗ್ ತಂತ್ರಾಂಶದ ಹೊಟ್ಟೆಯಲ್ಲಿ ಲಾಗ್‌ಫೋರ್‌ಜೆಯ ಯಾವ ಆವೃತ್ತಿ ಕೂತಿದೆಯೆಂದು ಅಂಗಡಿಯ ಮಾಲೀಕ ಎಲ್ಲಿಂದ ತಿಳಿಯಬೇಕು?

ಸಾಕ್ಷ್ಯದ ಪಕ್ಷ

ಕಾನೂನು, ಲೆಕ್ಕಪರಿಶೋಧನೆ, ಪೊಲೀಸ್ ತನಿಖೆಯ ಕಡೆಯಿಂದ ಬಂದವರಿಗೆ ಲಾಗ್ ಎಂದರೆ ಸಾಕ್ಷಿ. ಅಳಿಸಲಾಗದಂತೆ, ಸಾಕಷ್ಟು ಕಾಲ, ಸರಿಯಾದ ಗಡಿಯಾರದೊಂದಿಗೆ ಇಡಬೇಕೆಂಬುದು ಅವರ ವಾದ.

ಇದರ ಹತ್ತಿರದ ಉದಾಹರಣೆ ಬೆಂಗಳೂರಿನದ್ದೇ. ಲೆಕ್ಕದ ತಂತ್ರಾಂಶ ಟ್ಯಾಲಿ ತಯಾರಿಸುವ ಸಂಸ್ಥೆಯ ನೆಲೆ ಆ ನಗರ. ಗಲ್ಫ್‌ನಲ್ಲಿ ಭಾರತೀಯ ಅಕೌಂಟೆಂಟ್ ಇರುವ ಕಡೆಯೆಲ್ಲ ಟ್ಯಾಲಿಯೂ ಇರುತ್ತದೆ ಎಂದರೆ ಅತಿಶಯವಾಗದು. ಭಾರತದ ಕಂಪನಿ ನಿಯಮಗಳಿಗೆ 2021ರಲ್ಲಿ ಆದ ತಿದ್ದುಪಡಿ, ಲೆಕ್ಕದ ತಂತ್ರಾಂಶದಲ್ಲಿ ಪ್ರತಿ ಬದಲಾವಣೆಯೂ ದಿನಾಂಕ ಸಹಿತ ದಾಖಲಾಗಬೇಕು, ಆ ದಾಖಲೆಯನ್ನು ಆಫ್ ಮಾಡಲು ಬರಬಾರದು ಎಂದಿತು. ಎರಡು ಬಾರಿ ಮುಂದೂಡಲ್ಪಟ್ಟು 2023ರ ಏಪ್ರಿಲ್ 1ರಿಂದ ಅದು ಜಾರಿಗೆ ಬಂತು. ಟ್ಯಾಲಿಪ್ರೈಮ್ ಎಡಿಟ್ ಲಾಗ್ ಆವೃತ್ತಿ ಇದರ ಫಲ. ವೋಚರ್ ತಿದ್ದಿದವರು ಯಾರು, ಹಿಂದೆ ಎಷ್ಟಿತ್ತು, ಈಗ ಎಷ್ಟಾಯಿತು ಎಂಬುದು ಅದರಲ್ಲಿ ಉಳಿಯುತ್ತದೆ. ಈ ನಿಯಮ ಭಾರತದ ಕಂಪನಿಗಳಿಗೆ ಮಾತ್ರ. ಆದರೂ ಇಲ್ಲಿ ಮುಖ್ಯ ಕಚೇರಿ, ಅಲ್ಲಿ ಶಾಖೆ ಇರುವ ವ್ಯವಹಾರಗಳಲ್ಲಿ ಅಭ್ಯಾಸ ಎರಡೂ ಕಡೆ ಹಬ್ಬುತ್ತದೆ.

ಭಾರತದ ಸೈಬರ್ ತುರ್ತು ಸ್ಪಂದನಾ ತಂಡ ಸರ್ಟ್-ಇನ್ 2022ರ ಏಪ್ರಿಲ್ 28ರ ನಿರ್ದೇಶನದಲ್ಲಿ ಐಸಿಟಿ ವ್ಯವಸ್ಥೆಗಳ ಲಾಗ್‌ಗಳನ್ನು 180 ದಿನ ಇಡಬೇಕು, ಗಡಿಯಾರಗಳನ್ನು ಎನ್‌ಐಸಿ ಅಥವಾ ರಾಷ್ಟ್ರೀಯ ಭೌತಿಕ ಪ್ರಯೋಗಾಲಯದ ಸಮಯಕ್ಕೆ ಹೊಂದಿಸಬೇಕು ಎಂದಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್, ಎಲೆಕ್ಟ್ರಾನಿಕ್ ದಾಖಲೆಯ ಜೊತೆ ಹ್ಯಾಶ್ ಬೆಲೆಯನ್ನು ನಮೂದಿಸಿದ ಪ್ರಮಾಣಪತ್ರ ಕೇಳುತ್ತದೆ. ಕುವೈತ್ ಕೂಡ 2014ರ 20ನೇ ಕಾನೂನಿನಿಂದ ಎಲೆಕ್ಟ್ರಾನಿಕ್ ವ್ಯವಹಾರಗಳನ್ನೂ 2015ರ 63ನೇ ಕಾನೂನಿನಿಂದ ಮಾಹಿತಿ ತಂತ್ರಜ್ಞಾನದ ಅಪರಾಧಗಳನ್ನೂ ಕಾನೂನಿನ ಚೌಕಟ್ಟಿಗೆ ತಂದಿದೆ.

ಡೆಸ್ಕ್‌ಟಾಪ್‌ನ ವಾಸ್ತವ ಇವಕ್ಕೆ ಒಗ್ಗುವುದಿಲ್ಲ. ವಿಂಡೋಸ್‌ನಲ್ಲಿ ಮುಖ್ಯ ಲಾಗ್‌ಗಳ ಮೂಲ ಮಿತಿ ತಲಾ 20 ಎಂಬಿ. ತುಂಬಿದರೆ ಹಳೆಯದರ ಮೇಲೆ ಹೊಸದು ಬರೆಯುತ್ತದೆ. ಆರು ತಿಂಗಳಿನ ಮಾತಿರಲಿ, ಹೆಚ್ಚು ಚಟುವಟಿಕೆಯಿರುವ ಯಂತ್ರದಲ್ಲಿ ಕೆಲವು ವಾರ ಉಳಿದರೆ ಪುಣ್ಯ. ಅಡ್ಮಿನ್ ಅಧಿಕಾರ ಸಿಕ್ಕವನು ಇಡೀ ಲಾಗನ್ನೇ ಅಳಿಸಬಹುದು, 1102 ಎಂಬ ಒಂದೇ ಗುರುತು ಉಳಿಯುತ್ತದೆ. 2017ರಲ್ಲಿ ಶ್ಯಾಡೋ ಬ್ರೋಕರ್ಸ್ ಗುಂಪು ಬಯಲು ಮಾಡಿದ ಹ್ಯಾಕಿಂಗ್ ಸಲಕರಣೆಗಳಲ್ಲಿ ಒಂದು, ಬೇಕಾದ ದಾಖಲೆಯನ್ನಷ್ಟೇ ಮರೆಮಾಡಬಲ್ಲದಾಗಿತ್ತು. ಹಾಗೆ ಮರೆಮಾಡಿದ್ದನ್ನು ಮತ್ತೆ ಪತ್ತೆಹಚ್ಚಬಹುದೆಂದು ಡಚ್ ಸಂಸ್ಥೆ ಫಾಕ್ಸ್-ಐಟಿ ಅದೇ ವರ್ಷ ತೋರಿಸಿತು.

ಬ್ರೂಸ್ ಶ್ನಯರ್ ಮತ್ತು ಜಾನ್ ಕೆಲ್ಸಿ 1998ರಲ್ಲೇ ಒಂದು ಉಪಾಯ ಹೇಳಿದ್ದರು: ಪ್ರತಿ ದಾಖಲೆಯನ್ನು ಹಿಂದಿನದಕ್ಕೆ ಗುಪ್ತಲಿಪಿಯಿಂದ ಬೆಸೆದು, ಕೀಲಿಯನ್ನು ಹೊತ್ತುಹೊತ್ತಿಗೆ ಬದಲಿಸಿ ಹಳೆಯದನ್ನು ನಾಶಮಾಡುವುದು. ಆಗ ಯಂತ್ರ ವೈರಿಯ ಕೈಸೇರಿದರೂ ಅದಕ್ಕೆ ಮುಂಚಿನ ದಾಖಲೆಗಳನ್ನು ಯಾರಿಗೂ ತಿಳಿಯದಂತೆ ತಿದ್ದಲು ಬಾರದು. ಸಿಸ್ಟಂಡಿ ಜರ್ನಲ್‌ನ ಮುದ್ರೆ ಹಾಕುವ ಸೌಲಭ್ಯದಲ್ಲಿ ಇದೇ ಬಗೆಯ ತತ್ವವಿದೆ. ಆದರೂ ಲಾಗ್ ಅಳಿಸಿಹೋಗದಂತೆ ಅದು ತಡೆಯದು, ತಿದ್ದಿದರೆ ಗೊತ್ತಾಗುವಂತೆ ಮಾತ್ರ ಮಾಡುತ್ತದೆ. ಪ್ರತಿಯೊಂದು ಬೇರೆ ಯಂತ್ರದಲ್ಲಿ ಇರುವುದೇ ಗಟ್ಟಿ ರಕ್ಷಣೆ.

ಖಾಸಗಿತನದ ಪಕ್ಷ

ಲಾಗ್ ಬರೆಯುವಾಗ ಯಂತ್ರದ ಕಥೆಯ ಜೊತೆ ಮನುಷ್ಯನ ಕಥೆಯೂ ಬರೆಯಲ್ಪಡುತ್ತದೆ: ಯಾವಾಗ ಬಂದ, ಯಾವಾಗ ಎದ್ದು ಹೋದ, ಯಾವ ಫೈಲು ತೆರೆದ. 2020ರ ಏಪ್ರಿಲ್ 6ರಂದು ಕೋವಿಡ್ ಕಾರಣಕ್ಕೆ ಕುವೈತ್ ಸರ್ಕಾರ ಜ್ಲೀಬ್ ಮತ್ತು ಮಹಬೂಲಾ ಪ್ರದೇಶಗಳನ್ನು ಪೂರ್ತಿ ಮುಚ್ಚಿತು. ಅಬ್ಬಾಸಿಯಾದ ಜನ ಮೂರು ತಿಂಗಳು ಆ ಬೇಲಿಯೊಳಗಿದ್ದರು. ಕಚೇರಿಯ ಕೆಲಸ ಮನೆಗೆ ಬಂದ ಆ ಕಾಲದಲ್ಲೇ ನೌಕರರ ಮೇಲೆ ಕಣ್ಣಿಡುವ ತಂತ್ರಾಂಶಗಳು ಜಗತ್ತಿನೆಲ್ಲೆಡೆ ಬೆಳೆದವು. ವಿಂಡೋಸ್‌ನಲ್ಲಿ ಎಲ್ಲ ಪ್ರೋಗ್ರಾಮುಗಳ ಕೀಲಿ ಒತ್ತುವಿಕೆಯನ್ನೂ ಹಿಡಿಯುವ ಒಂದು ಹಳೆಯ ವಿಧಾನವಿದೆ. ಅದಕ್ಕೂ ಬೇಕಾದದ್ದು ಒಂದು ಡಿಎಲ್‌ಎಲ್ ಫೈಲು, ವಿಂಡೋಸ್ ತಾನೇ ಅದನ್ನು ಪ್ರೋಗ್ರಾಮುಗಳೊಳಗೆ ಸೇರಿಸುತ್ತದೆ. ದೋಷ ಹುಡುಕುವ ಲೈಬ್ರರಿಗೂ ಗೂಢಚಾರ ಲೈಬ್ರರಿಗೂ ತಾಂತ್ರಿಕವಾಗಿ ಇರುವ ದೂರ ಕಡಿಮೆ.

ಈ ಪಕ್ಷಕ್ಕೆ ಕಾನೂನಿನ ಬಲ ಕೊಟ್ಟವರಲ್ಲಿ ಕನ್ನಡಿಗರೊಬ್ಬರ ಹೆಸರು ಸೇರಿದೆ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಹೂಡಿದ ದಾವೆಯಲ್ಲಿ ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ 2017ರ ಆಗಸ್ಟ್ 24ರಂದು ಖಾಸಗಿತನ ಮೂಲಭೂತ ಹಕ್ಕೆಂದು ಒಮ್ಮತದಿಂದ ಹೇಳಿತು. ಮರುತಿಂಗಳು ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ, ಬರ್ಬುಲೆಸ್ಕು ಪ್ರಕರಣದಲ್ಲಿ, ಮುಂಚೆ ಸ್ಪಷ್ಟವಾಗಿ ತಿಳಿಸದೆ ನೌಕರನ ಸಂದೇಶಗಳನ್ನು ಓದಿದ ಬಗೆಯನ್ನು ಒಪ್ಪಲಿಲ್ಲ. ಕುವೈತ್‌ನ 1962ರ ಸಂವಿಧಾನದ 39ನೇ ವಿಧಿಯೂ ಅಂಚೆ, ತಂತಿ, ದೂರವಾಣಿ ಸಂಪರ್ಕದ ಗೋಪ್ಯತೆಯನ್ನು ಕಾಯುತ್ತದೆ.

ತಂತ್ರಾಂಶದ ಕಡೆಯಿಂದಲೂ ಉತ್ತರ ಬಂದಿದೆ. ಆಪಲ್ 2016ರ ಸಿಯೆರಾ ಆವೃತ್ತಿಯಲ್ಲಿ ತಂದ ಹೊಸ ಲಾಗ್ ವ್ಯವಸ್ಥೆ, ಪ್ರೋಗ್ರಾಮರ್ ಬೇಡವೆನ್ನದಿದ್ದರೆ ಬದಲಾಗುವ ಪಠ್ಯವನ್ನೆಲ್ಲ ಮರೆಮಾಚಿಯೇ ತೋರಿಸುತ್ತದೆ. ರಿಪೇರಿಯವರು ಇದನ್ನು ಶಪಿಸುತ್ತಾರೆ: ಯಾವ ಫೈಲು ಕೆಟ್ಟಿದೆ ಎಂದು ತಿಳಿಯಬೇಕಾದ ಜಾಗದಲ್ಲೇ ಅದು ಖಾಸಗಿ ಎಂದಿರುತ್ತದೆ. ಮೈಕ್ರೋಸಾಫ್ಟ್ ಹೊರಟದ್ದು ತದ್ವಿರುದ್ಧ ದಿಕ್ಕಿಗೆ. ಪರದೆಯ ಚಿತ್ರಗಳನ್ನೇ ಆಗಾಗ ತೆಗೆದಿಡುವ ರೀಕಾಲ್ ಅನ್ನು 2024ರ ಮೇ ತಿಂಗಳಲ್ಲಿ ಘೋಷಿಸಿ, ಟೀಕೆಯ ಬಿರುಸಿಗೆ ಜೂನ್‌ನಲ್ಲೇ ಮುಂದೂಡಿ, ಬಳಕೆದಾರ ಒಪ್ಪಿದರಷ್ಟೇ ಎಂದು ಬದಲಿಸಬೇಕಾಯಿತು.

ಅಬ್ಬಾಸಿಯಾದ ಮೇಜಿನ ಮೇಲೆ

ಈ ಪಕ್ಷಗಳು ದೊಡ್ಡ ಕಂಪನಿಗಳನ್ನು ಮನಸ್ಸಿನಲ್ಲಿಟ್ಟು ಬೆಳೆದವು. ಸಣ್ಣ ಕಚೇರಿಯಲ್ಲಿ ಸಮಸ್ಯೆಗಳ ಬಣ್ಣ ಬೇರೆ.

ಸಮಯವನ್ನೇ ನೋಡಿ. ಕುವೈತ್ ಭಾರತಕ್ಕಿಂತ ಎರಡೂವರೆ ಗಂಟೆ ಹಿಂದಿದೆ. ಇವಿಟಿಎಕ್ಸ್ ಸಮಯವನ್ನು ಯುಟಿಸಿಯಲ್ಲಿಟ್ಟು, ನೋಡುವ ಯಂತ್ರದ ಸ್ಥಳೀಯ ಸಮಯದಲ್ಲಿ ತೋರಿಸುತ್ತದೆ. ಅಬ್ಬಾಸಿಯಾದಲ್ಲಿ ಸಂಜೆ 6ಕ್ಕೆ ನಡೆದದ್ದು ಮಂಗಳೂರಿನ ಪರದೆಯ ಮೇಲೆ ರಾತ್ರಿ 8.30 ಆಗಿ ಕಾಣುತ್ತದೆ. ಅದೇ ಕಚೇರಿಯ ರೌಟರ್ ಹಳೆಯ ಸಿಸ್‌ಲಾಗ್ ಕಳುಹಿಸುತ್ತಿದ್ದರೆ ಅದು ಎರಡೂ ಕಡೆ 6 ಎಂದೇ ತೋರಿಸುತ್ತದೆ. ಎರಡನ್ನೂ ಪಕ್ಕಪಕ್ಕ ಇಟ್ಟು, ಅಂಗಡಿ ಮುಚ್ಚಿದ ಮೇಲೆ ಯಾರೋ ಯಂತ್ರ ತೆರೆದರು ಎಂದು ನೌಕರನ ಮೇಲೆ ಅನುಮಾನಪಡುವುದು ಸುಲಭ.

ವಾರವೂ ಹಾಗೆಯೇ. ಕುವೈತ್‌ನಲ್ಲಿ ರಜೆ ಶುಕ್ರವಾರ ಮತ್ತು ಶನಿವಾರ. ಡೆನ್ನಿಂಗ್ ಹೇಳಿದ ಮಾಮೂಲಿ ನಡವಳಿಕೆ ಎಂಬುದು ಊರಿನಿಂದ ಊರಿಗೆ ಬದಲಾಗುತ್ತದೆ. ಭಾನುವಾರದ ಲಾಗಿನ್ ಅನುಮಾನಾಸ್ಪದ ಎಂಬ ಸಿದ್ಧನಿಯಮ ಅಲ್ಲಿ ವಾರದ ಮೊದಲ ದಿನವೇ ಗಂಟೆ ಬಾರಿಸುತ್ತದೆ.

ವಿದ್ಯುತ್ತಿನ ಸಂಗತಿ ಇನ್ನೊಂದು. 2024ರ ಜೂನ್‌ನಲ್ಲಿ ಬಿಸಿಲಿನ ಹೊಡೆತಕ್ಕೆ ಬೇಡಿಕೆ ಏರಿ ಕುವೈತ್ ಸರದಿಯ ಮೇಲೆ ಕರೆಂಟ್ ತೆಗೆಯಬೇಕಾಯಿತು. ಹಾಗೆ ಹಠಾತ್ತಾಗಿ ಆರಿಹೋದ ವಿಂಡೋಸ್ ಯಂತ್ರ ಮತ್ತೆ ಎದ್ದಾಗ 41 ಮತ್ತು 6008 ಎಂಬ ದಾಖಲೆಗಳನ್ನು ಬರೆಯುತ್ತದೆ. ಸರಿಯಾಗಿ ಮುಚ್ಚದೆ ನಿಂತಿತ್ತು ಎಂಬುದಷ್ಟೇ ಅವುಗಳ ಅರ್ಥ. ಕರೆಂಟ್ ಹೋಯಿತೋ, ಪವರ್ ಸಪ್ಲೈ ಕೆಟ್ಟಿತೋ, ಬಿಸಿಯಾಗಿ ನಿಂತಿತೋ, ಯಾರಾದರೂ ಬಟನ್ ಒತ್ತಿಹಿಡಿದರೋ ಎಂದು ಅಷ್ಟರಿಂದ ಹೇಳಲಾಗದು. ಲಾಗ್ ಹೇಳುವುದು ಯಂತ್ರಕ್ಕೆ ಕಂಡದ್ದನ್ನು. ಕಾರಣ ತಿಳಿಯಲು ಕಚೇರಿಯಲ್ಲಿ ಕೂತಿದ್ದವರನ್ನೇ ಕೇಳಬೇಕು.

ಇತ್ಯರ್ಥವಾಗದ ಪ್ರಶ್ನೆಗಳು

ಪಠ್ಯವೋ ಬೈನರಿಯೋ ಎಂಬ ಜಗಳ ಬಹುಮಟ್ಟಿಗೆ ತಣ್ಣಗಾಗಿದೆ. 2023ರ ಡೆಬಿಯನ್ 12 ಕೂಡ ಸಾದಾ ಪಠ್ಯದ ಲಾಗ್ ಬರೆಯುವ ಆರ್‌ಸಿಸ್‌ಲಾಗನ್ನು ಮೂಲ ಸ್ಥಾಪನೆಯಿಂದ ತೆಗೆದಿದೆ. ಉಳಿದ ಪ್ರಶ್ನೆಗಳು ಹಾಗಲ್ಲ.

ಎಷ್ಟು ಬರೆಯಬೇಕೆಂಬುದಕ್ಕೆ ಅಳತೆ ಇಲ್ಲ. ನಾಲ್ಕು ಪ್ರಸಿದ್ಧ ಮುಕ್ತ ತಂತ್ರಾಂಶಗಳ ಕೋಡ್ ಪರಿಶೀಲಿಸಿ 2012ರಲ್ಲಿ ಪ್ರಕಟವಾದ ಅಧ್ಯಯನವೊಂದು ಸರಾಸರಿ 30 ಸಾಲು ಕೋಡಿಗೆ ಒಂದು ಸಾಲು ಲಾಗ್ ಇದೆಯೆಂದು ಕಂಡಿತು. ಅದು ಹೆಚ್ಚೋ ಕಡಿಮೆಯೋ ಎಂದು ತೀರ್ಮಾನಿಸುವ ಸಿದ್ಧಾಂತ ಇನ್ನೂ ಇಲ್ಲ. ವಿಂಡೋಸ್ ಡೆಸ್ಕ್‌ಟಾಪ್‌ನಲ್ಲಿ ಯಾವ ಪ್ರೋಗ್ರಾಂ ಯಾವಾಗ ಆರಂಭವಾಯಿತು ಎಂಬ 4688ರ ದಾಖಲೆ ನಾವು ಕೇಳದಿದ್ದರೆ ಬರುವುದೇ ಇಲ್ಲ. ಕಳವಾದ ಮೇಲೆ ಮೊದಲು ಹುಡುಕುವುದು ಅದನ್ನೇ.

ಲೈಬ್ರರಿಯ ಹೊಣೆ ಯಾರದು ಎಂಬುದೂ ಬಗೆಹರಿದಿಲ್ಲ. ಲಾಗ್‌ಫೋರ್‌ಜೆಯನ್ನು ಸ್ವಯಂಸೇವಕರು ನೋಡಿಕೊಳ್ಳುತ್ತಿದ್ದರು, ಲಾಭ ಮಾಡಿಕೊಂಡವರು ಬೇರೆಯವರು. 2024ರ ಡಿಸೆಂಬರ್‌ನಲ್ಲಿ ಜಾರಿಗೆ ಬಂದು 2027ರಲ್ಲಿ ಪೂರ್ತಿ ಅನ್ವಯವಾಗಲಿರುವ ಯುರೋಪಿನ ಸೈಬರ್ ರೆಸಿಲಿಯನ್ಸ್ ಕಾಯ್ದೆ ಮಾರಾಟಗಾರರ ಮೇಲೆ ಹೊಣೆ ಹೊರಿಸುತ್ತದೆ. ಅದರ ಪರಿಣಾಮ ಕುವೈತ್‌ನ ಅಥವಾ ಕರ್ನಾಟಕದ ಸಣ್ಣ ಅಂಗಡಿಯನ್ನು ಹೇಗೆ ತಲುಪುತ್ತದೆ ಎಂಬುದು ಮುಂದೆ ತಿಳಿಯಬೇಕು.

ಗಡಿ ದಾಟುವ ಲಾಗ್ ಯಾವ ಕಾನೂನಿನ ಕೆಳಗೆ ಬರುತ್ತದೆ? ಯಂತ್ರ ಅಬ್ಬಾಸಿಯಾದಲ್ಲಿ, ಮಾಲೀಕ ಕರಾವಳಿಯಲ್ಲಿ, ಕ್ಲೌಡ್ ಮೂರನೆಯ ದೇಶದಲ್ಲಿ. ಭಾರತದ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ, ಕುವೈತ್‌ನ ಸಂಪರ್ಕ ಪ್ರಾಧಿಕಾರ ಸಿಟ್ರಾ 2021ರಲ್ಲಿ ತಂದು 2024ರಲ್ಲಿ ಬದಲಿಸಿದ ದತ್ತಾಂಶ ನಿಯಮಗಳು, ಇವು ಒಂದನ್ನೊಂದು ನೋಡಿ ಬರೆದವಲ್ಲ.

ಕೊನೆಯದು ಕೃತಕ ಬುದ್ಧಿಮತ್ತೆ. 2017ರ ಡೀಪ್‌ಲಾಗ್ ಪ್ರಬಂಧದ ನಂತರ ಲಾಗ್‌ನ ಅಸಹಜತೆಯನ್ನು ಯಂತ್ರವೇ ಕಲಿತು ಹಿಡಿಯುವ ಪ್ರಯತ್ನಗಳು ಹೆಚ್ಚಿವೆ. ಈಗ ಲಾಗನ್ನು ಚಾಟ್‌ಬಾಟ್‌ಗೆ ಅಂಟಿಸಿ ಕಾರಣ ಕೇಳುವುದು ರಿಪೇರಿ ಅಂಗಡಿಯಲ್ಲೂ ಬಂದಿದೆ. ಆದರೆ ಲಾಗಿನೊಳಗಿನ ಪಠ್ಯವನ್ನೇ ಆಜ್ಞೆಯೆಂದು ತಿಳಿಯುವ ಅಪಾಯ, ಅಂದರೆ ಲಾಗ್‌ಫೋರ್‌ಜೆಯ ಹಳೆಯ ಕಾಯಿಲೆ, ಇಲ್ಲಿ ಹೊಸ ರೂಪದಲ್ಲಿ ಮರಳಿದೆ.

ಐದೂ ಪಕ್ಷಗಳನ್ನು ತೂಗಿ ನೋಡಿದರೆ, ಓದಲಾಗದ ಲಾಗ್, ಒಂದೇ ಯಂತ್ರದಲ್ಲಿರುವ ಲಾಗ್, ಯಾರಿಗೂ ಹೇಳದೆ ಇಟ್ಟ ಲಾಗ್ ಈ ಮೂರೂ ಬೇಡವೆಂಬಲ್ಲಿ ಎಲ್ಲ ವಾದಗಳೂ ಕೂಡುತ್ತವೆ. ಸಣ್ಣ ಕಚೇರಿ ನಡೆಸುವವರು ಇಷ್ಟನ್ನಾದರೂ ಮಾಡಬಹುದು. ಇವೆಂಟ್ ವ್ಯೂವರ್‌ನಿಂದ ಲಾಗ್ ಉಳಿಸುವಾಗ ಪ್ರದರ್ಶನ ಮಾಹಿತಿಯನ್ನೂ ಸೇರಿಸುವ ಆಯ್ಕೆ ಬರುತ್ತದೆ, ಅದನ್ನು ಒಪ್ಪಿ. ಜೊತೆಗೆ ಹುಟ್ಟುವ ಫೋಲ್ಡರನ್ನೂ ಕಳುಹಿಸಿ. 20 ಎಂಬಿಯ ಮಿತಿಯನ್ನು ಏರಿಸಿ, ತಿಂಗಳಿಗೊಮ್ಮೆ ಪ್ರತಿಯನ್ನು ಬೇರೆ ಡಿಸ್ಕಿಗೆ ತೆಗೆಯಿರಿ. ಯಂತ್ರದ ಮುಂದೆ ಕೂರುವ ನೌಕರನಿಗೆ ಏನೇನು ದಾಖಲಾಗುತ್ತದೆ, ಯಾರು ನೋಡುತ್ತಾರೆ ಎಂಬುದನ್ನು ಕೆಲಸಕ್ಕೆ ಸೇರಿದ ದಿನವೇ ಬರಹದಲ್ಲಿ ತಿಳಿಸಿ.